ಆಚೆ ಬದಿಗೆ ಎಷ್ಟು ದೂರ?



ತಲಪಾಡಿಯಿಂದ ಚೆಂಗಳದವರೆಗಿನ 39 ಕಿ.ಮೀ. ರಾಷ್ಟ್ರೀಯ ಹೆದ್ದಾರಿ 66 ಈಗ ಷಟ್ಪಥವಾಗಿದೆ. ಆಸ್ಪತ್ರೆ, ಕಾಲೇಜು, ಕೆಲಸ ಎಲ್ಲಕ್ಕೂ ಮಂಗಳೂರನ್ನೇ ನೆಚ್ಚಿಕೊಂಡ ಕಾಸರಗೋಡಿನ ನಮಗೆ ಇದು ದೊಡ್ಡ ಉಪಕಾರ. ಹಳೆಯ ರಸ್ತೆಯ ಹೊಂಡಗಳಲ್ಲಿ ಆಂಬುಲೆನ್ಸ್ ಕುಲುಕಾಡುತ್ತಾ ಹೋಗುವುದನ್ನು ಕಂಡವರು ಯಾರೂ ಆ ದಿನಗಳು ಮರಳಲಿ ಎನ್ನಲಾರರು. ನಾನೂ ಎನ್ನುವುದಿಲ್ಲ.

ಆದರೆ ರಸ್ತೆಯನ್ನು ನಾವು ಅಳೆಯುವುದು ಉದ್ದಕ್ಕೆ ಮಾತ್ರ: ಮಂಗಳೂರಿಗೆ ಎಷ್ಟು ನಿಮಿಷ? ಅಡ್ಡಕ್ಕೆ ಅಳೆಯುವವರು ಕಡಿಮೆ. ಕೇರಳದಲ್ಲಿ ಈ ಹೆದ್ದಾರಿಗೆ ತೆಗೆದುಕೊಂಡ ಜಾಗದ ಅಗಲ 45 ಮೀಟರ್. ನಡುವೆ ಆರು ಪಥ, ಎರಡೂ ಬದಿ ಸರ್ವಿಸ್ ರೋಡ್. ಮೊದಲು ಆಚೆ ಬದಿಯ ಅಂಗಡಿಗೆ, ಶಾಲೆಗೆ, ಚರ್ಚಿಗೆ, ಮಸೀದಿಗೆ ರಸ್ತೆ ದಾಟಿದರೆ ಆಯಿತು. ಈಗ ಅಂಡರ್‌ಪಾಸ್ ಇರುವಲ್ಲಿಯವರೆಗೆ ಹೋಗಿ, ಆಚೆ ದಾಟಿ, ಅಷ್ಟೇ ದೂರ ಹಿಂದೆ ಬರಬೇಕು. ಕಾರಿನವರಿಗೆ ಉಳಿದ ನಿಮಿಷಗಳನ್ನು ನಡೆದು ಹೋಗುವವರು ತೆರುತ್ತಿದ್ದಾರೆ.

ಇದು ಹೆದ್ದಾರಿಯ ಹಣೆಬರಹವೇನಲ್ಲ, ಕಟ್ಟುವ ಬಗೆಯ ಪ್ರಶ್ನೆ. ಕಾಸರಗೋಡು ಪೇಟೆಯಲ್ಲಿ ರಸ್ತೆ ಕಂಬಗಳ ಮೇಲೆ ನಿಂತಿದೆ, ಕೆಳಗೆ ಜನ ಓಡಾಡಬಹುದು. ಮಣ್ಣು ತುಂಬಿ, ಗೋಡೆ ಕಟ್ಟಿ ಎತ್ತರಿಸಿದಲ್ಲಿ ಊರು ಎರಡಾಗುತ್ತದೆ. ಮಣ್ಣಿನ ಭಾರ ತಾಳದ ನೆಲವೂ ಇದೆ. ಮಲಪ್ಪುರಂ ಜಿಲ್ಲೆಯ ಕೂರಿಯಾಡಿನಲ್ಲಿ ಗದ್ದೆಯ ಮೇಲೆ ಮಣ್ಣು ತುಂಬಿ ಎಬ್ಬಿಸಿದ ಇದೇ ಹೆದ್ದಾರಿ 2025ರ ಮೇ 19ರಂದು ಕುಸಿಯಿತು. ಆಮೇಲೆ ಅಲ್ಲಿ ಕಂಬಗಳ ಮೇಲೆ ರಸ್ತೆ ಕಟ್ಟಲು ತೀರ್ಮಾನವಾಯಿತು.

ಗದ್ದೆ ಕುಸಿದದ್ದರಿಂದ ಅಲ್ಲಿಗೆ ಕಂಬ ಬಂತು. ದಿನವೂ ಸುತ್ತಿ ನಡೆಯುವ ಅಜ್ಜಿಯ ಕಷ್ಟದಿಂದ ಯಾವ ರಸ್ತೆಯೂ ಕುಸಿಯುವುದಿಲ್ಲ. ಹಾಗಾಗಿ ಅವರ ಪರವಾಗಿ ಯಾರಾದರೂ ಬಾಯಿ ಬಿಡಲೇಬೇಕು.

ಮೆಟ್ಟಿಲಿನ ಮೇಲ್ಸೇತುವೆ ಸಾಲದೇ ಎನ್ನುವವರಿದ್ದಾರೆ. ಶಾಲೆಯ ಮಕ್ಕಳಿಗೆ ಸಾಕಾಗಬಹುದು. ಮಂಡಿನೋವಿನವರಿಗೆ, ಗಾಲಿಕುರ್ಚಿಯವರಿಗೆ ಅದು ಇದ್ದೂ ಇಲ್ಲದಂತೆ.

ನಮ್ಮಲ್ಲಿ ಹೆಚ್ಚಿನವರಿಗೆ ಬೈಕ್ ಇದೆ, ಸುತ್ತು ಗೊತ್ತಾಗುವುದಿಲ್ಲ. ಒಂದು ಭಾನುವಾರ ಬಲಿಪೂಜೆ ಮುಗಿದ ಮೇಲೆ ಬೈಕ್ ಬಿಟ್ಟು ನಡೆಯೋಣ. ನಮ್ಮ ವಾರ್ಡಿನಲ್ಲಿ ಒಂದು ಅಂಡರ್‌ಪಾಸಿನಿಂದ ಇನ್ನೊಂದಕ್ಕೆ ಎಷ್ಟು ದೂರ, ಮಳೆಗೆ ಎಲ್ಲೆಲ್ಲಿ ನೀರು ನಿಲ್ಲುತ್ತದೆ, ಬಸ್ಸು ಎಲ್ಲಿ ಇಳಿಸುತ್ತದೆ, ಜನ ಜೀವ ಕೈಯಲ್ಲಿ ಹಿಡಿದು ದಾಟುವುದು ಎಲ್ಲಿ ಎಂದು ಬರೆದುಕೊಳ್ಳೋಣ. ಆಚೆ ಬದಿಯ ಎಲ್ಲ ಧರ್ಮದ ಗೆಳೆಯರನ್ನೂ ಕರೆಯೋಣ. ಆ ಪಟ್ಟಿಯನ್ನು ಗ್ರಾಮಸಭೆಯಲ್ಲಿ ಓದಿ, ಪಂಚಾಯತಿನ ಮೂಲಕ ಹೆದ್ದಾರಿ ಪ್ರಾಧಿಕಾರಕ್ಕೆ ಕಳಿಸೋಣ. ಉತ್ತರ ಬರುವವರೆಗೆ ಮತ್ತೆ ಮತ್ತೆ ಕೇಳೋಣ.