ಬ್ಯಾಟರಿಗೂ ಸ್ಟಾಕ್ ಸ್ಟೇಟ್‌ಮೆಂಟ್ ಬೇಕು ಸ್ವಾಮಿ!

ಕರೆಂಟಿನ ಮಾತು ಬಂದರೆ ನಮ್ಮ ದಿಲ್ಲಿ ಕನ್ನಡಿಗರ ಕಾಫಿ ಗುಂಪಿನಲ್ಲಿ ಎರಡು ಪಕ್ಷ. "ಬ್ಯಾಟರಿ ಎಲ್ಲ ಆಟದ ಸಾಮಾನು, ಕಲ್ಲಿದ್ದಲೇ ಗತಿ" ಅನ್ನೋರು ಒಂದು ಕಡೆ. "ಲಿಥಿಯಂ ಬಂತಲ್ಲ, ಇನ್ನೇನು ಚಿಂತೆ" ಅನ್ನೋರು ಇನ್ನೊಂದು ಕಡೆ. ಬಿ.ಕಾಂ. ಓದಿ ಬ್ಯಾಂಕಿನಲ್ಲಿ ತಲೆ ನರೆಸಿಕೊಂಡ ನನಗೆ ಇಬ್ಬರ ಲೆಕ್ಕವೂ ತಾಳೆ ಆಗುತ್ತಿಲ್ಲ.

ಮೊದಲನೆಯವರಿಗೆ ಆಸ್ಟ್ರೇಲಿಯಾದ ಉದಾಹರಣೆ ಕೊಡ್ತೀನಿ. 2016ರಲ್ಲಿ ಬಿರುಗಾಳಿಗೆ ಸೌತ್ ಆಸ್ಟ್ರೇಲಿಯಾ ರಾಜ್ಯವಿಡೀ ಕತ್ತಲಾಯಿತು. ಮರುವರ್ಷ ಅಲ್ಲಿನ ಹಾರ್ನ್ಸ್‌ಡೇಲ್‌ನಲ್ಲಿ 100 ಮೆಗಾವ್ಯಾಟ್ ಬ್ಯಾಟರಿ ಕೂರಿಸಿದರು. ಪೂರ್ತಿ ಜೋರಿನಲ್ಲಿ ಬಿಟ್ಟರೆ ಒಂದೂಕಾಲು ಗಂಟೆಯಲ್ಲಿ ಖಾಲಿ. ಆಗ ಖಜಾನೆ ಮಂತ್ರಿಯಾಗಿದ್ದ ಸ್ಕಾಟ್ ಮಾರಿಸನ್ ಇದನ್ನು ದಾರಿಬದಿಯ ದೈತ್ಯ ಬಾಳೆಹಣ್ಣಿಗೆ ಹೋಲಿಸಿ ಗೇಲಿ ಮಾಡಿದರು. 2017ರ ಡಿಸೆಂಬರ್ 14ರಂದು, ಸುಮಾರು ಸಾವಿರ ಕಿ.ಮೀ. ದೂರದ ಲೊಯ್ ಯಾಂಗ್ ಕಲ್ಲಿದ್ದಲು ಸ್ಥಾವರದ ಒಂದು ಘಟಕ ಕೈಕೊಟ್ಟಿತು. 560 ಮೆಗಾವ್ಯಾಟ್ ಮಾಯ! ಬ್ಯಾಟರಿ ಕಣ್ಣು ಮಿಟುಕಿಸುವಷ್ಟರಲ್ಲಿ ಗ್ರಿಡ್‌ಗೆ ಕರೆಂಟ್ ಬಿಟ್ಟಿತು. ಬಿಟ್ಟದ್ದು ಕೆಲವೇ ಮೆಗಾವ್ಯಾಟ್, ನಿಜ. ಆದರೆ ಆ ವೇಗ ಉಗಿಯಿಂದ ತಿರುಗುವ ಯಂತ್ರಕ್ಕೆ ಎಲ್ಲಿಂದ ಬರಬೇಕು? ಗ್ರಿಡ್ ಕುಸಿದರೆ ಏನಾಗುತ್ತೆ ಅಂತ 2012ರ ಜುಲೈ 30, 31ರಂದು ದಿಲ್ಲಿಯಲ್ಲಿದ್ದ ಯಾರಿಗೂ ವಿವರಿಸಬೇಕಿಲ್ಲ.

ಈಗ ಎರಡನೆಯವರಿಗೆ. ಬ್ಯಾಟರಿ ಕರೆಂಟ್ ಹುಟ್ಟಿಸೋದಿಲ್ಲ ಸ್ವಾಮಿ. 100 ಯೂನಿಟ್ ತುಂಬಿದರೆ 85ರ ಆಸುಪಾಸು ವಾಪಸ್ ಕೊಡುತ್ತೆ. ಪಾವಗಡದಲ್ಲಿ ಮಧ್ಯಾಹ್ನ ಬಿಸಿಲು ಧಾರಾಳ, ದೀಪ ಹಚ್ಚೋ ಹೊತ್ತಿಗೆ ಸೊನ್ನೆ. ಹಗಲು ಅಗ್ಗದಲ್ಲಿ ತುಂಬಿಸಿ ಸಂಜೆ ಮಾರೋದು, ಕರೆದಾಗ ತಕ್ಷಣ ಓಡಿ ಬರೋದು, ಇವೆರಡೇ ಅದರ ದಂಧೆ. ಸಿದ್ಧವಾಗಿರ್ತೀನಿ ಅನ್ನೋ ಮಾತಿಗೇ ದುಡ್ಡು.

ಆ ಮಾತು ತಪ್ಪಿದರೆ? ಅದೇ ಹಾರ್ನ್ಸ್‌ಡೇಲ್ 2019ರಲ್ಲಿ ಕೆಲವು ತಿಂಗಳು ಸಿದ್ಧವಿದ್ದೇನೆ ಅಂತ ದುಡ್ಡು ತಗೊಂಡಿತು. ಒಪ್ಪಿಕೊಂಡಷ್ಟು ಕೊಡುವ ಸ್ಥಿತಿಯಲ್ಲಿರಲಿಲ್ಲ. ಕ್ವೀನ್ಸ್‌ಲ್ಯಾಂಡಿನ ಒಂದು ಸ್ಥಾವರ ನಿಂತಾಗ ಬಣ್ಣ ಬಯಲಾಯಿತು. 2022ರಲ್ಲಿ ನ್ಯಾಯಾಲಯ 9 ಲಕ್ಷ ಆಸ್ಟ್ರೇಲಿಯನ್ ಡಾಲರ್ ದಂಡ ಹಾಕಿತು. ಅಲ್ಲಿ ನೋಡೋರಿದ್ದರು, ಹಿಡಿದರು.

ನಮ್ಮಲ್ಲಿ? 2022ರಲ್ಲಿ ಕೇಂದ್ರದ ಸೌರಶಕ್ತಿ ನಿಗಮ ಎರಡು ಗಂಟೆಯ ಬ್ಯಾಟರಿಗೆ ಟೆಂಡರ್ ಕರೆದಾಗ ಮೆಗಾವ್ಯಾಟ್‌ಗೆ ತಿಂಗಳಿಗೆ 10.84 ಲಕ್ಷ ರೂಪಾಯಿ ಬಾಡಿಗೆ ಬಂತು. 2025ರಲ್ಲಿ ರಾಜ್ಯಗಳ ಟೆಂಡರುಗಳಲ್ಲಿ 2 ಲಕ್ಷದ ಆಸುಪಾಸು! ಚೀನಾದ ಸೆಲ್ ಅಗ್ಗವಾಗಿದೆ, ಸರ್ಕಾರದ ಸಹಾಯಧನವೂ ಇದೆ, ಒಪ್ಪಿದೆ. ಆದರೆ ಹತ್ತು-ಹನ್ನೆರಡು ವರ್ಷದ ಕರಾರು ಇದು. ವರ್ಷವರ್ಷ ಬ್ಯಾಟರಿ ಸವೆಯುತ್ತೆ. ಕಡಿಮೆ ಕೂಗಿದವನಿಗೆ ಹಾರ ಹಾಕಿ ಎಲ್ಲರೂ ಮನೆಗೆ ಹೋದರೆ, ಎಂಟನೇ ವರ್ಷ ಅದರ ಹೊಟ್ಟೆಯಲ್ಲಿ ಎಷ್ಟಿದೆ ಅಂತ ಅಳೆಯೋರು ಯಾರು?

ಸಣ್ಣ ಕಿರಾಣಿ ವ್ಯಾಪಾರಿಗೆ ಕ್ಯಾಷ್ ಕ್ರೆಡಿಟ್ ಕೊಟ್ಟರೂ ನಾವು ತಿಂಗಳು ತಿಂಗಳು ಸ್ಟಾಕ್ ಸ್ಟೇಟ್‌ಮೆಂಟ್ ಕೇಳ್ತೀವಿ, ಗೋಡೌನಿಗೆ ಹೋಗಿ ಮೂಟೆ ಎಣಿಸ್ತೀವಿ. ನೂರಾರು ಕೋಟಿಯ ಬ್ಯಾಟರಿಗೆ ಯಾಕೆ ಬೇಡ? ಎಷ್ಟು ತುಂಬಿತು, ಎಷ್ಟು ಕೊಟ್ಟಿತು, ಕರೆದಾಗ ಎಷ್ಟು ಸಲ ಬಂತು ಅನ್ನೋದನ್ನು ಪ್ರತಿ ತಿಂಗಳೂ ಜನರ ಮುಂದಿಡಲಿ. ಕೊಡದಿದ್ದರೆ ಬಾಡಿಗೆ ಕತ್ತರಿಸಲಿ. ಕರಾರಿನಲ್ಲಿ ಷರತ್ತು ಬರೆದಿದೆ ಅಂತ ಹೇಳಬೇಡಿ. ಕೆಟ್ಟ ಸಾಲದ ಕಡತಗಳಲ್ಲೂ ಷರತ್ತುಗಳು ಮುತ್ತಿನಂಥ ಅಕ್ಷರದಲ್ಲೇ ಇರುತ್ತವೆ!

ಬ್ಯಾಟರಿ ಬೇಕು, ಬೇಗ ಬೇಕು. ಆದರೆ ಬಿಲ್ ಕಟ್ಟೋರು ನಾವು, ಲೆಕ್ಕ ಕೇಳೋ ಹಕ್ಕೂ ನಮ್ಮದೇ. ಏನಂತೀರಿ?