ಕತ್ತಿ ಎತ್ತುವ ಮುನ್ನ ಹದಿನೈದು ನಿಮಿಷ



ಹಕ್ಕಿ ಹಾರುವುದನ್ನು ನಾವೆಲ್ಲ ದಿನವೂ ಕಾಣುತ್ತೇವೆ. ರೆಕ್ಕೆಯನ್ನು ಅದು ಹೇಗೆ ಬೀಸುತ್ತದೆಂದು ಕೇಳಿದರೆ ಮಾತ್ರ ಉತ್ತರವಿಲ್ಲ. ಫ್ರಾನ್ಸಿನ ಮಾರೇ ಎಂಬ ವಿಜ್ಞಾನಿಯನ್ನು ಕಾಡಿದ್ದೂ ಇದೇ ಪ್ರಶ್ನೆ. 1882ರಲ್ಲಿ ಆತ ಬಂದೂಕಿನ ಆಕಾರದ ಕ್ಯಾಮೆರಾ ಮಾಡಿ, ಹಾರುವ ಹಕ್ಕಿಗೆ ಗುರಿಯಿಟ್ಟು, ಸೆಕೆಂಡಿಗೆ 12 ಚಿತ್ರ ತೆಗೆದ. ಕುದುರೆ ಎಳೆದರೂ ಹಕ್ಕಿ ಸಾಯಲಿಲ್ಲ. ಅದರ ಹಾರಾಟದ ಗುಟ್ಟು ತಿಳಿಯಿತು. ಸಿನಿಮಾ ಹುಟ್ಟಲು ದಾರಿ ಮಾಡಿದ ಪ್ರಯೋಗಗಳಲ್ಲಿ ಇದೂ ಒಂದು. ಒಂದೇ ಸೆಕೆಂಡಿನ ಆ ಚಿತ್ರಸಾಲನ್ನು ಹಕ್ಕಿಯ ಮೇಲಿನ ಕಿರುಚಿತ್ರವೆಂದರೂ ತಪ್ಪಿಲ್ಲ.

ಇಂಥ ನೋಟ ಕಲಿಯಲು ಫ್ರಾನ್ಸಿಗೇ ಹೋಗಬೇಕಿಲ್ಲ. ನಮ್ಮಂತೆಯೇ ಕಾಫಿ ಬೆಳೆಗಾರರಾಗಿದ್ದ ಪೂರ್ಣಚಂದ್ರ ತೇಜಸ್ವಿಯವರು (1938–2007) ಮೂಡಿಗೆರೆಯ ಕಡೆ ಕ್ಯಾಮೆರಾ ಹಿಡಿದು ಹಕ್ಕಿಗಳಿಗಾಗಿ ಕಾದು ಕುಳಿತವರು. ಅವರ ಚಿತ್ರಗಳಲ್ಲಿ ಯಂತ್ರಕ್ಕಿಂತ ತಾಳ್ಮೆಯೇ ದೊಡ್ಡದೆಂದು ನಮ್ಮ ಅನಿಸಿಕೆ.

ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆ ತಾಲ್ಲೂಕುಗಳ ನಮಗೂ ಇದಕ್ಕೂ ಏನು ಸಂಬಂಧ? ಮುಂಗಾರಿಗೆ ಮುನ್ನ ನೆರಳಿನ ಮರ ಸವರುವಾಗ ಮೊದಲ ಏಟು ಒಣಗಿದ ಕೊಂಬೆಗೆ. ಕುಟ್ರು ಹಕ್ಕಿ ಪೊಟರೆ ಕೊರೆದು ಮರಿ ಮಾಡುವುದು ಅಂಥ ಕೊಂಬೆಯಲ್ಲೇ, ಅದೂ ಬೇಸಿಗೆಯಲ್ಲೇ. ಕಳೆದ ವರ್ಷ ನಮ್ಮ ತೋಟದಲ್ಲಿ ಕೊಂಬೆ ನೆಲಕ್ಕೆ ಬಿದ್ದ ಮೇಲೆಯೇ ಒಳಗಿದ್ದ ಮರಿಗಳು ನಮ್ಮ ಕಣ್ಣಿಗೆ ಬಿದ್ದವು. ತಪ್ಪು ಕಡಿದ ಆಳಿನದಲ್ಲ. ನೋಡದೆ ಕಡಿಸಿದ ನಮ್ಮದು.

ಹಕ್ಕಿಗಳು ಹಣ್ಣು ತಿನ್ನುವುದಿಲ್ಲವೇ ಎಂದು ಕೆಲವರು ಕೇಳಬಹುದು. ತಿನ್ನುತ್ತವೆ, ಹುಳುವನ್ನೂ ತಿನ್ನುತ್ತವೆ. ಕೋಸ್ಟರಿಕಾ ದೇಶದ ಕಾಫಿ ತೋಟಗಳಲ್ಲಿ ಹಕ್ಕಿಗಳಿಂದ ಬೆರಿ ಬೋರರ್ ಹಾವಳಿ ಸುಮಾರು ಅರ್ಧದಷ್ಟು ತಗ್ಗಿತೆಂದು ವಿಜ್ಞಾನಿಗಳು 2013ರಲ್ಲಿ ಪ್ರಕಟಿಸಿದ್ದಾರೆ. ಅಲ್ಲಿಯ ಹಕ್ಕಿ ಬೇರೆ, ಇಲ್ಲಿಯದು ಬೇರೆ. ಆ ಲೆಕ್ಕವನ್ನು ಹಾಗೆಯೇ ಇಲ್ಲಿಗೆ ತರಬೇಕೆಂದು ನಾವು ಹೇಳುವುದಿಲ್ಲ. ನಮ್ಮ ತೋಟದ ಲೆಕ್ಕವನ್ನು ನಾವೇ ನೋಡಿ ಬರೆದುಕೊಳ್ಳಬೇಕು.

ಫೆಬ್ರವರಿಯಲ್ಲಿ ನಾಲ್ಕು ದಿನ ಲೋಕದ ನಾನಾ ಕಡೆ ಹಿತ್ತಲ ಹಕ್ಕಿಗಳ ಎಣಿಕೆ ನಡೆಯುತ್ತದೆ. ಕನಿಷ್ಠ 15 ನಿಮಿಷ ನೋಡಿ, ಕಂಡದ್ದನ್ನು ಬರೆಯಬೇಕೆಂಬುದಷ್ಟೇ ಅಲ್ಲಿಯ ನಿಯಮ. ಕ್ಯಾಮೆರಾ ಬೇಡ, ಖರ್ಚಿಲ್ಲ. ಮರ ಸವರಿಸುವ ಮುನ್ನ ಸದಸ್ಯರು ಅಷ್ಟೇ ಹೊತ್ತು ಆ ಮರದಡಿ ನಿಲ್ಲಬೇಕೆಂದು ನಮ್ಮ ವಿನಂತಿ. ಹಕ್ಕಿ ಹೋಗಿಬರುವ ಪೊಟರೆ ಕಂಡರೆ ಮರಿ ಹಾರುವವರೆಗೆ ಆ ಒಂದು ಕೊಂಬೆ ಉಳಿಯಲಿ. ಕಂಡದ್ದನ್ನು ತೋಟದ ಲೆಕ್ಕದ ಪುಸ್ತಕದಲ್ಲೇ ಬರೆದಿಟ್ಟು ಮುಂದಿನ ಮಹಾಸಭೆಗೆ ತನ್ನಿ. ನಮ್ಮ ಪುಸ್ತಕವನ್ನೂ ತರುತ್ತೇವೆ.

— ಕಾರ್ಯದರ್ಶಿ