ಮೂರು ಫೈಲು, ಒಂದು ನಿಘಂಟು

ಊರಿಂದ ವಾಪಸ್ ಅಮೆರಿಕಕ್ಕೆ ಬರೋವಾಗ 23 ಕೆಜಿ ಸೂಟ್‌ಕೇಸಿನಲ್ಲಿ ಚಟ್ನಿಪುಡಿ, ಹಪ್ಪಳ, ಸಾರಿನಪುಡಿ ತುಂಬಿದ ಮೇಲೆ ದಪ್ಪ ನಿಘಂಟಿಗೆ ಜಾಗ ಎಲ್ಲಿಂದ ತರೋಣ ಸ್ವಾಮಿ? ಅಂತರ್ಜಾಲದಲ್ಲಿ ಹುಡುಕಬಹುದು, ನಿಜ. ಆದರೆ ನೆಟ್ ಇಲ್ಲದಾಗ ಅದೂ ಇಲ್ಲ, ಇವತ್ತಿದ್ದ ಸೈಟು ನಾಳೆ ಇರುತ್ತೆ ಅನ್ನೋ ಗ್ಯಾರಂಟಿಯೂ ಇಲ್ಲ. ಹಾಗಾಗಿ ನನ್ನದು ಒಂದೇ ಮಾತು: ನಿಘಂಟು ನಮ್ಮ ಕಂಪ್ಯೂಟರಿನಲ್ಲೇ ಇರಲಿ.

ಅದಕ್ಕೆ ಗೋಲ್ಡನ್‌ಡಿಕ್ಟ್ ಅನ್ನೋ ಮುಕ್ತ ತಂತ್ರಾಂಶ ಸಾಕು. ಅದಕ್ಕೆ ಹಾಕಲು ವಿ. ಕೃಷ್ಣ ಅವರು ದಶಕಗಳ ಕಾಲ ಕೂತು ಕಟ್ಟಿದ 'ಅಲರ್' ಕನ್ನಡ-ಇಂಗ್ಲಿಷ್ ನಿಘಂಟು ಇದೆ. 2019ರಲ್ಲಿ ಮುಕ್ತ ಪರವಾನಗಿಯಲ್ಲಿ ಹೊರಬಂದ ಇದರಲ್ಲಿ ಒಂದೂವರೆ ಲಕ್ಷದಷ್ಟು ಪದಗಳಿವೆ. ಸ್ಟಾರ್‌ಡಿಕ್ಟ್ ರೂಪದಲ್ಲೂ ಸಿಗುತ್ತೆ.

ಇಳಿಸಿಕೊಂಡ ಟಾರ್ ಗಂಟನ್ನು ಒಂದು ಫೋಲ್ಡರಿಗೆ ಬಿಚ್ಚಿ. ಒಳಗೆ ಒಂದೇ ಹೆಸರಿನ ಮೂರು ಫೈಲುಗಳು: ಐಎಫ್‌ಓ ಅಂದರೆ ನಿಘಂಟಿನ ಜಾತಕ, ಐಡಿಎಕ್ಸ್ ಅಂದರೆ ಪದಗಳ ಸೂಚಿ, ಡಿಕ್ಟ್ ಡಾಟ್ ಡಿಝಡ್ ಅಂದರೆ ಅರ್ಥಗಳ ಮೂಟೆ. ಮೂರೂ ಜೊತೆಗಿರಬೇಕು, ಯಾವುದರ ಹೆಸರನ್ನೂ ಬದಲಾಯಿಸಬೇಡಿ. 'ಡಿಝಡ್ ಕೂಡ ಜಿಪ್ ತಾನೇ, ಅದನ್ನೂ ಬಿಚ್ಚೋಣ' ಅನ್ನಿಸುತ್ತೆ, ಅಗತ್ಯವಿಲ್ಲ! ಅದು ತುಂಡುತುಂಡಾಗಿ ಕುಗ್ಗಿಸಿದ ಮೂಟೆ. ಯಾವ ಪದದ ಅರ್ಥ ಎಷ್ಟನೇ ಬೈಟಿನಿಂದ ಶುರು, ಎಷ್ಟುದ್ದ ಅಂತ ಸೂಚಿ ಹೇಳುತ್ತೆ. ತಂತ್ರಾಂಶ ಆ ತುಂಡನ್ನಷ್ಟೇ ಬಿಚ್ಚಿ ಓದುತ್ತೆ. ಇಡೀ ಮೂಟೆ ಸುರಿಯೋ ಗೋಜಿಲ್ಲ.

ಆಮೇಲೆ ಎಡಿಟ್ ಮೆನುವಿನ ಡಿಕ್ಷನರೀಸ್‌ಗೆ ಹೋಗಿ, ಸೋರ್ಸಸ್‌ನಲ್ಲಿ ಆ ಫೋಲ್ಡರ್ ಸೇರಿಸಿ. ಒಳಗೆ ಇನ್ನೂ ಫೋಲ್ಡರುಗಳಿದ್ದರೆ ರಿಕರ್ಸಿವ್‌ಗೆ ಟಿಕ್ ಹಾಕಿ, ರೀಸ್ಕ್ಯಾನ್ ಒತ್ತಿ. ಕಾಫಿ ಆರೋದರೊಳಗೆ ನಿಘಂಟು ರೆಡಿ.

ಕಷ್ಟ ಶುರುವಾಗೋದು ಇನ್ನು ಮುಂದೆ. ನನ್ನ ಮಗಳು ಅಜ್ಜಿಯ ಹಳೇ ಇನ್‌ಲ್ಯಾಂಡ್ ಲೆಟರು ಹಿಡಿದು 'ಎದ್ದಳು' ಅಂತ ಟೈಪಿಸಿದಳು; ಏನೂ ಬರಲಿಲ್ಲ. ಬರೋದಾದರೂ ಹೇಗೆ? ನಿಘಂಟಿನಲ್ಲಿರೋದು 'ಏಳು'. ಅದನ್ನು ಹುಡುಕಿದರೆ ಆರಾದ ಮೇಲೆ ಬರೋ ಏಳೂ ಸಿಗುತ್ತೆ, ಹಾಸಿಗೆ ಬಿಟ್ಟು ಏಳೋದೂ ಸಿಗುತ್ತೆ! ಹಾಗೇ 'ತಂದರು' ಇರೋದು 'ತರು'ವಿನಲ್ಲಿ, 'ಹೋದಳು' ಇರೋದು 'ಹೋಗು'ವಿನಲ್ಲಿ. ಊರಲ್ಲಿ ಬೆಳೆದ ನಮಗೆ ಇದನ್ನು ಯಾರೂ ಕಲಿಸಲಿಲ್ಲ, ಕಿವಿಗೆ ಬಿದ್ದು ಬಂತು. ಇಲ್ಲಿ ಬೆಳೆಯೋ ಮಕ್ಕಳಿಗೆ ಆ ಮಾತು ಬೀಳೋದು ಮನೆಯಲ್ಲಿ ಮಾತ್ರ.

ಒಂದೂವರೆ ಲಕ್ಷ ಪದಗಳನ್ನು ಬೇರೆಯವರು ಕೂಡಿಸಿ ಕೊಟ್ಟಿದ್ದಾರೆ. 'ಎದ್ದಳು'ವಿನಿಂದ 'ಏಳು'ವಿಗೆ ಹೋಗೋ ದಾರಿಯನ್ನು ಮಾತ್ರ ನಾವೇ, ಊಟದ ಟೇಬಲ್ಲಿನ ಮುಂದೆ ಕನ್ನಡದಲ್ಲಿ ಮಾತಾಡಿ, ತೋರಿಸಬೇಕು. ನಿಮ್ಮ ಮನೇಲಿ ಹೇಗೆ?